ಸೂರಕ್ಕಿ ಮೆಚ್ಚಿದ ಬಣ್ಣ

ಕೆಲವರು ಪುಸ್ತಕ ಓದಿ ಮುಚ್ಚಿಡುತ್ತಾರೆ. ನಾನು ಓದಿದ್ದನ್ನು ನಾಲ್ಕು ಜನಕ್ಕೆ ಹೇಳದೆ, ಹೇಳಿದ್ದನ್ನು ಒಂದು ಸಲ ಮಾಡಿ ನೋಡದೆ ಬಿಡುವವನಲ್ಲ. ಹಾಗಾಗಿ ನನ್ನ ಸುತ್ತ ಏನಾದರೊಂದು ಆಗುತ್ತಲೇ ಇರುತ್ತದೆ. ಏನೂ ಆಗದ ದಿನ ನಮ್ಮನೆಯವಳು ಹಣೆ ಮುಟ್ಟಿ ಜ್ವರ ಇದೆಯಾ ಅಂತ ನೋಡುತ್ತಾಳೆ.

ದೊಡ್ಡಬಳ್ಳಾಪುರದ ಕಾಲೇಜೊಂದರಲ್ಲಿ ಕಾಮರ್ಸ್ ಪಾಠ ಮಾಡಿ ನಿವೃತ್ತನಾದೆ. ಬೀಳ್ಕೊಡುಗೆಯಲ್ಲಿ ಶಾಲು, ಹಾರ, ಗೋಡೆ ಗಡಿಯಾರ ಬಂದವು. ಜೊತೆಗೆ ಹಳೇ ವಿದ್ಯಾರ್ಥಿಯೊಬ್ಬ ಹಕ್ಕಿಗಳ ನಡವಳಿಕೆ ಕುರಿತ ದಪ್ಪ ಪುಸ್ತಕವೊಂದನ್ನು ಕೊಟ್ಟ. ಗಡಿಯಾರ ವರ್ಷದೊಳಗೆ ನಿಂತುಹೋಯಿತು. ಪುಸ್ತಕ ಮಾತ್ರ ನನ್ನನ್ನು ಒಂದು ಕಡೆ ನಿಲ್ಲಲು ಬಿಡಲಿಲ್ಲ. ಅದು ಮುಗಿದ ಮೇಲೆ ಅಂಥದ್ದೇ ಇನ್ನೊಂದು, ಅದರ ಹಿಂದೆ ಮತ್ತೊಂದು. ಆಯುಸ್ಸಿಡೀ ಜಮಾ ಖರ್ಚು ಹೇಳಿಕೊಟ್ಟ ನನಗೆ, ತಲೆ ಮೇಲೆ ಇಷ್ಟೆಲ್ಲ ವ್ಯವಹಾರ ನಡೀತಿತ್ತು ಅಂತ ಗೊತ್ತೇ ಇರಲಿಲ್ಲ.

ನಮ್ಮ ಪಕ್ಕದ ಮನೆಯವರು ಮಗ್ಗದ ಯಜಮಾನರು. ಮನೆಯ ಹಿಂದೆಯೇ ಷೆಡ್ಡು. ಅದರ ಟಕಟಕ ಸದ್ದು ನಿಂತರೆ ನಮ್ಮ ಬೀದಿಯವರಿಗೆ ಎಚ್ಚರವಾಗುತ್ತದೆ. ಸೀರೆ ನೇಯ್ದು ಬೆಂಗಳೂರಿನ ಅಂಗಡಿಗಳಿಗೆ ಕೊಡುತ್ತಾರೆ. ಬಹಳ ಒಳ್ಳೆಯ ಮನುಷ್ಯ. ನನ್ನ ಓದಿನ ಪೆಟ್ಟೆಲ್ಲ ಬಿದ್ದದ್ದು ಅವರ ಮೇಲೆ.

ಕಾಗೆಯ ನೆನಪು

ಕಾಗೆ ಮನುಷ್ಯರ ಮುಖ ಗುರುತಿಡುತ್ತದೆ, ಹಗೆಯನ್ನೂ ಮರೆಯುವುದಿಲ್ಲ ಅಂತ ಓದಿದೆ. ನಿಜವೇ ಅಂತ ನೋಡೋಣ ಎಂದು ನಮ್ಮ ತಾರಸಿಗೆ ಬರುವ ಕಾಗೆಯ ಮುಂದೆ ದಿನಾ ಛತ್ರಿ ಬೀಸಿದೆ. ನಿಜವಾಗಿತ್ತು. ನಾನು ಗೇಟು ದಾಟಿದರೆ ಸಾಕು, ತಲೆಗೆ ಕುಕ್ಕಲು ಶುರು. ಕೊನೆಗೆ ಬೀರುವಿನ ತಳದಲ್ಲಿದ್ದ ಹಳೇ ಮಂಕಿ ಕ್ಯಾಪು ಹೊರಗೆ ಬಂತು. ಅದು ಇಟ್ಟಿಗೆಯ ಬಣ್ಣವೂ ಅಲ್ಲ, ಬೆಲ್ಲದ ಬಣ್ಣವೂ ಅಲ್ಲ, ಎರಡರ ನಡುವಿನದು. ಅದನ್ನು ಹಾಕಿಕೊಂಡರೆ ಕಾಗೆಗೆ ಗುರುತು ಸಿಗುತ್ತಿರಲಿಲ್ಲ. ಏಪ್ರಿಲ್ ಬಿಸಿಲಿನಲ್ಲಿ ನನ್ನನ್ನು ನೋಡಿದವರಿಗೆ ಮಾತ್ರ ಚೆನ್ನಾಗಿ ಗುರುತು ಸಿಗುತ್ತಿತ್ತು.

ಆಗಲೇ ಯಜಮಾನರ ತಂದೆಯ ತಿಥಿ ಬಂತು. ನನ್ನನ್ನೂ ಕರೆದಿದ್ದರು. ಮರ್ಯಾದೆಯ ಮನೆ, ಟೋಪಿ ಬೇಡ ಅಂತ ಅದನ್ನು ಜೇಬಿಗೆ ಹಾಕಿಕೊಂಡು ಅವರ ತಾರಸಿ ಹತ್ತಿದೆ. ಬಾಳೆಲೆ ತುಂಬ ಎಡೆ ಇಟ್ಟಿದ್ದರು. ಕಾಗೆ ಮುಟ್ಟಿದ ಮೇಲೆಯೇ ಎಲ್ಲರಿಗೂ ಊಟ. ಕಾಗೆ ಬಂದು ನೀರಿನ ಟ್ಯಾಂಕಿನ ಮೇಲೆ ಕೂತಿತು, ಆದರೆ ಇಳಿಯಲಿಲ್ಲ. ಕೂಗಿ ಕೂಗಿ ಎಲ್ಲರ ಗಂಟಲು ಒಣಗಿತು. ಸತ್ತವರ ಆಸೆ ಏನೋ ಉಳಿದಿದೆ ಅಂತ ನೆಂಟರಲ್ಲಿ ಗುಸುಗುಸು ಎದ್ದಿತು.

ಯಜಮಾನರ ತಾಯಿ ಗೋಡೆಗೆ ಒರಗಿ ಕೂತಿದ್ದರು. ‘ನೀನು ಇಸ್ಪೀಟಾಡೋದು ನಿಮ್ಮಪ್ಪಂಗೆ ಸರಿ ಬರ್ತಿರ್ಲಿಲ್ಲ ಕಣೋ’ ಅಂದರು.

ಯಜಮಾನರು ಹಸಿದಿದ್ದ ನೆಂಟರ ಮುಖ ನೋಡಿದರು, ಕಾಗೆಯ ಮುಖ ನೋಡಿದರು, ಕೈ ಮುಗಿದು ಇನ್ನು ಇಸ್ಪೀಟೆಲೆ ಮುಟ್ಟಲ್ಲ ಅಂತ ಮಾತು ಕೊಟ್ಟರು. ಆ ಹೊತ್ತಿಗೆ ಬಿಸಿಲು ನೆತ್ತಿ ಸುಡುತ್ತಿದ್ದರಿಂದ ನಾನು ಟೋಪಿ ಹಾಕಿಕೊಂಡೆ. ಕಾಗೆ ಧುಮುಕಿ ನೇರ ವಡೆಗೇ ಬಾಯಿ ಹಾಕಿತು. ನೆಂಟರ ಕಣ್ಣಲ್ಲೆಲ್ಲ ನೀರು.

ವಿಷಯ ಬಿಡಿಸಿ ಹೇಳೋಣ ಅಂತ ಬಾಯಿ ತೆರೆದೆ. ಅಜ್ಜಿ ನನ್ನ ಪಂಚೆ ಹಿಡಿದು ಜಗ್ಗಿ ಮೆಲ್ಲಗೆ ಹೇಳಿದರು: ‘ಸುಮ್ನಿರಿ ಮೇಷ್ಟ್ರೇ. ಮುಂದಿನ ವರ್ಷಾನೂ ಟೋಪಿ ಇಲ್ದೇ ಬನ್ನಿ. ಬೀಡಿ ಒಂದು ಬಿಡಿಸೋದಿದೆ.’

ಗೂಡು ನೋಡಲು ಬಂದವಳು

ಯಜಮಾನರ ಮಗನಿಗೆ ಹೊಸಕೋಟೆ ಕಡೆಯ ಸಂಬಂಧ ಕೂಡಿ ಬಂತು. ಹೆಣ್ಣಿನ ಕಡೆಯವರು ಮನೆ ನೋಡಲು ಬಂದರು, ಹುಡುಗಿಯೂ ಬಂದಿದ್ದಳು. ನಾಲ್ಕು ಒಳ್ಳೆ ಮಾತಾಡಲಿ ಅಂತ ಓದಿದವನಾದ ನನ್ನನ್ನು ಕೂರಿಸಿದ್ದರು. ಉಪ್ಪಿಟ್ಟು ಬರುವ ತನಕ ಯಾರೂ ಮಾತಾಡಲಿಲ್ಲ. ಆ ಮೌನ ನನ್ನಿಂದ ತಡೆಯಲಾಗಲಿಲ್ಲ.

ನೇಕಾರರ ಮನೆಗೆ ತಕ್ಕ ಮಾತು ಅಂತ ಗೀಜಗನ ವಿಷಯ ತೆಗೆದೆ. ಗಂಡು ಗೀಜಗ ಅರ್ಧ ಗೂಡು ನೇಯ್ದು ನಿಲ್ಲಿಸುತ್ತದೆ, ಹೆಣ್ಣು ಬಂದು ಒಳಗೆಲ್ಲ ಎಳೆದು ಜಗ್ಗಿ ನೋಡುತ್ತದೆ, ಒಪ್ಪಿದರೆ ಮಾತ್ರ ಉಳಿದರ್ಧ. ಒಪ್ಪದಿದ್ದರೆ ಪಾಪ, ಗಂಡು ಹೊಸದಾಗಿ ಶುರು ಮಾಡಬೇಕು. ‘ಎಂಥಾ ಸಂಸ್ಕಾರ ನೋಡಿ’ ಅಂತ ಮುಗಿಸಿದೆ.

ಅಲ್ಲಿಯವರೆಗೆ ತಲೆ ತಗ್ಗಿಸಿ ಕೂತಿದ್ದ ಹುಡುಗಿ ತಲೆ ಎತ್ತಿದಳು. ತಟ್ಟೆ ಕೆಳಗಿಟ್ಟು ಒಳಗೆ ನೋಡ್ಬಹುದಾ ಅಂತ ಕೇಳಿದಳು. ಅಡುಗೆಮನೆ ನೋಡಿದಳು, ನಲ್ಲಿ ತಿರುಗಿಸಿದಳು, ಹಿತ್ತಲಿನ ಬಚ್ಚಲಿನ ಬಾಗಿಲು ಎಳೆದಳು. ಅದರ ಚಿಲಕ ಅವಳ ಕೈಗೇ ಬಂತು.

ಹುಡುಗ ಒಪ್ಪಿಗೆ ಅಂತ ಸಂಜೆ ಫೋನು ಬಂತು. ಮದುವೆಯೊಳಗೆ ಬಚ್ಚಲುಮನೆ ಒಳಗಡೆ ಬರಬೇಕು, ಅಡುಗೆಮನೆಗೆ ಕಿಟಕಿ ಬರಬೇಕು.

ಯಜಮಾನರು ನಮ್ಮ ಮನೆಗೆ ಬಂದು ಒಂದು ಲೋಟ ನೀರು ಕುಡಿದರು. ‘ಮೇಷ್ಟ್ರೇ, ಗಂಡು ಹೆಣ್ಣು ಎರಡೂ ಸುಮ್ನೆ ಇರೋ ಹಕ್ಕಿ ಒಂದೂ ಇಲ್ವಾ ನಿಮ್ಮ ಪುಸ್ತಕದಲ್ಲಿ?’

ಗುಟ್ಟು ಹೊರಬಿದ್ದದ್ದು

ಮದುವೆ, ಬಚ್ಚಲುಮನೆ ಎರಡೂ ನಿಂತಿದ್ದು ವರಮಹಾಲಕ್ಷ್ಮಿ ಹಬ್ಬದ ಸೀಸನ್ನಿನ ಮೇಲೆ. ಅದಕ್ಕಾಗಿ ಯಜಮಾನರು ಹೊಸ ಬಣ್ಣ ಕೂಡಿಸಿದ್ದರು: ನೇರಳೆ ಒಡಲು, ಮಾವಿನ ಚಿಗುರಿನ ಬಣ್ಣದ ಅಂಚು. ನಮ್ಮೂರಲ್ಲಿ ಒಂದು ಮಗ್ಗದಲ್ಲಿ ಹೊಸ ಬಣ್ಣ ಕಂಡರೆ ವಾರದೊಳಗೆ ಇಡೀ ಬೀದಿ ಅದನ್ನೇ ನೇಯುತ್ತದೆ. ಅದಕ್ಕೇ ಷೆಡ್ಡಿನ ಕಿಟಕಿಗೆಲ್ಲ ಗೋಣಿ ಹೊಡೆಸಿದ್ದರು, ಕೆಲಸದವರಿಂದ ಆಣೆ ಹಾಕಿಸಿದ್ದರು. ಸ್ವಂತ ಬೀಗರಿಗೂ ತೋರಿಸಿರಲಿಲ್ಲ.

ಇದು ಯಾವುದೂ ನನಗೆ ಗೊತ್ತಿರಲಿಲ್ಲ. ನಾನು ಆಗ ಸೂರಕ್ಕಿಯ ಅಧ್ಯಾಯದಲ್ಲಿದ್ದೆ. ಹೆಬ್ಬೆರಳಿನಷ್ಟು ಹಕ್ಕಿ, ನಾರು ನೂಲು ಜೇಡರ ಬಲೆ ಸೇರಿಸಿ ತೂಗುವ ಗೂಡು ಕಟ್ಟುತ್ತದೆ. ನಾವೂ ನೂಲಿನ ಚೂರು ಇಟ್ಟರೆ ಒಯ್ಯಬಹುದು ಅನಿಸಿತು. ಉದ್ದ ಎಳೆ ಕಾಲಿಗೆ ಸುತ್ತಿಕೊಳ್ಳುತ್ತದೆ ಅಂತ ಪುಸ್ತಕದಲ್ಲೇ ಎಚ್ಚರಿಕೆ ಇತ್ತು. ಯಜಮಾನರ ಹೆಂಡತಿಯನ್ನು ಸ್ವಲ್ಪ ವೇಸ್ಟು ನೂಲು ಕೇಳಿದೆ. ಮೇಷ್ಟ್ರು ಕೇಳಿದ್ದಾರೆ ಅಂತ ಒಂದು ಕವರು ತುಂಬ ಕೊಟ್ಟರು. ಕೂತು ಚಿಕ್ಕದಾಗಿ ಕತ್ತರಿಸಿ ಕರಿಬೇವಿನ ಗಿಡಕ್ಕೆ ಬುಟ್ಟಿ ಕಟ್ಟಿದೆ. ಸೂರಕ್ಕಿ ಬಂತು, ಒಂದೆಳೆ ಕಚ್ಚಿಕೊಂಡು ಹೋಯಿತು. ನನಗೆ ಮೊಮ್ಮಗು ಹುಟ್ಟಿದಷ್ಟು ಸಂತೋಷ.

ಎಲ್ಲಿಗೆ ಒಯ್ಯುತ್ತದೆ ಅಂತ ದಿನಾ ಸ್ವಲ್ಪ ಸ್ವಲ್ಪ ದೂರ ಹಿಂಬಾಲಿಸಿದೆ. ಕೊನೆಗೆ ಗೂಡು ಸಿಕ್ಕಿತು, ಊರಿನ ಮಗ್ಗದವರೆಲ್ಲ ಬೆಳಗ್ಗೆ ಟೀ ಕುಡಿಯುವ ಹೋಟೆಲಿನ ಮುಂದೆ, ಉರಿಯದ ಬಲ್ಬಿನ ವೈರಿಗೆ. ಒಂದು ಗುಂಪು ಲೋಟ ಹಿಡಿದುಕೊಂಡು ಕತ್ತೆತ್ತಿ ನಿಂತಿತ್ತು.

‘ನೇರಳೆಗೆ ಚಿಗುರು ಹಾಕವ್ನಲ್ಲ, ಯಾವನ್ಲಾ ಇವ್ನು’ ಅಂದ ಒಬ್ಬ. ‘ಮಧ್ಯ ಕೆಂಪು ಬೇರೆ. ಭೇಷಾಗೈತೆ’ ಅಂದ ಇನ್ನೊಬ್ಬ.

ಆ ಕೆಂಪು ಹೋಟೆಲಿನ ಈರುಳ್ಳಿ ಚೀಲದ್ದು. ಹಕ್ಕಿ ತನಗೆ ತೋಚಿದಂತೆ ಹಿಂದಿನ ಬಾಗಿಲಿನಿಂದ ತಂದು ಸೇರಿಸಿತ್ತು.

ಅಷ್ಟರಲ್ಲಿ ಯಜಮಾನರು ಟೀಗೆ ಬಂದರು. ಎಲ್ಲರೂ ನೋಡುವ ಕಡೆ ನೋಡಿದರು. ಆಮೇಲೆ ನಿಧಾನಕ್ಕೆ ನನ್ನ ಕಡೆ ತಿರುಗಿದರು. ಬಣ್ಣ ತಮ್ಮದು ಅನ್ನುವ ಹಾಗಿಲ್ಲ, ಹಾಗಂದರೆ ಗುಟ್ಟು ಪೂರ್ತಿ ಹೋಗುತ್ತದೆ. ಟೀ ಆರುತ್ತಿತ್ತು, ಅವರು ಕುಡಿಯಲಿಲ್ಲ.

ದಾರಿಯಲ್ಲಿ ನನ್ನ ರಟ್ಟೆ ಹಿಡಿದರು. ಬಟ್ಟೆ ಒಣಹಾಕುವ ಕೋಲು ತಂದು ಗೂಡು ಇಳಿಸುತ್ತೇನೆ ಅಂದರು. ಒಳಗೆ ಹೆಣ್ಣು ಕಾವು ಕೂತಿದೆ, ಮರಿ ಹಾರುವ ತನಕ ತಡೆಯಿರಿ ಅಂತ ಬೇಡಿಕೊಂಡೆ.

‘ಮೇಷ್ಟ್ರೇ, ಅದರೊಳಗೆ ಇರೋದು ಬರೀ ಮೊಟ್ಟೆ ಅಲ್ಲ. ನನ್ ಮಗನ ಮದುವೆ ಐತೆ, ಬಚ್ಚಲುಮನೆ ಐತೆ.’

ಆಮೇಲೆ ಅವರೇ ನನ್ನ ರಟ್ಟೆ ಸಡಿಲಿಸಿದರು. ‘ಹೋಗ್ಲಿ ಬಿಡಿ. ಒಂದು ಕಾಗೆಗೆ ಮಾತು ಕೊಟ್ಟು ಇಸ್ಪೀಟು ಹೋಯ್ತು. ಇದರ ಮೊಟ್ಟೆ ಮುಟ್ಟಿದ್ರೆ ಇನ್ನೇನೇನ್ ಬಿಡಿಸ್ತಾವೋ.’

ಒಂದು ಗೆರೆಯ ಕೊರತೆ

ಮರಿ ಹಾರುವಷ್ಟರಲ್ಲಿ ಊರೆಲ್ಲ ಅದೇ ಬಣ್ಣ ಓಡುತ್ತಿತ್ತು. ಹಕ್ಕಿಯನ್ನು ನೋಡಿ ನೇಯ್ದವರಾದ್ದರಿಂದ ಅಂಚಿನ ಪಕ್ಕ ಈರುಳ್ಳಿ ಚೀಲದ ಕೆಂಪು ಗೆರೆಯನ್ನೂ ನಿಷ್ಠೆಯಿಂದ ಎಳೆದಿದ್ದರು. ಯಜಮಾನರ ಸೀರೆಯಲ್ಲಿ ಮಾತ್ರ ಆ ಗೆರೆ ಇರಲಿಲ್ಲ. ಅಂಗಡಿಯವರು ಅವರದನ್ನು ತಿರುಗಿಸಿ ಮುರುಗಿಸಿ ನೋಡಿ, ಯಾರದೋ ನೋಡಿ ಕದ್ದಿದ್ದೀರಿ, ಗೆರೆ ಬಿಟ್ಟುಹೋಗಿದೆ ಅಂದರಂತೆ.

ಅವರು ಸೋತವರಂತೆ ಜಗಲಿಯಲ್ಲಿ ಕೂತಿದ್ದಾಗ ಭಾವೀ ಸೊಸೆ ಮದುವೆ ಸೀರೆ ಆರಿಸಲು ಬಂದಳು. ಗೀಜಗನ ಹೆಣ್ಣಿನ ಹಾಗೆಯೇ ಎಳೆದು ಜಗ್ಗಿ ನೋಡಿ, ‘ಚೆನ್ನಾಗಿದೆ ಮಾವ. ಆದ್ರೆ ಆ ಕೆಂಪು ಗೆರೆ ಇಲ್ವಲ್ಲ’ ಅಂದಳು. ಅಂದೇ ಯಜಮಾನರು ಹೋಟೆಲಿನಿಂದ ಈರುಳ್ಳಿ ಚೀಲ ತಂದು ನೂಲಿಗೆ ಅದೇ ಕೆಂಪು ಬಣ್ಣ ಹಾಕಿಸಿದರು. ಹಗಲೂ ರಾತ್ರಿ ಮಗ್ಗ ಓಡಿ, ಹಬ್ಬದ ಮುನ್ನಾ ದಿನದ ತನಕ ಸೀರೆ ಹೋಯಿತು. ತಮ್ಮದೇ ಬಣ್ಣವನ್ನು ತಾವೇ ಕದ್ದು ಗೆದ್ದವರು ನಮ್ಮೂರಲ್ಲಿ ಅವರೊಬ್ಬರೇ. ಬಚ್ಚಲುಮನೆ ಒಳಗೆ ಬಂತು. ಗಟ್ಟಿ ಚಿಲಕದ ಸಮೇತ.

ದೀಪಾವಳಿಯ ಬಣ್ಣ

ಆಮೇಲೆ ಯಜಮಾನರಿಗೆ ಹಕ್ಕಿಯ ಮೇಲೆ ನಂಬಿಕೆ ಬಂತು ನೋಡಿ, ನನಗಿಂತ ಜಾಸ್ತಿ. ದೀಪಾವಳಿ ಸೀಸನ್ನಿಗೆ ಅದಕ್ಕೆ ಯಾವ ಬಣ್ಣ ಇಷ್ಟ ಅಂತ ತಿಳಿಯಲು, ಬುಟ್ಟಿ ತುಂಬ ಬಗೆಬಗೆಯ ನೂಲು ಕತ್ತರಿಸಿ ನಮ್ಮ ತಾರಸಿಗೇ ತಂದಿಟ್ಟರು. ನಾವಿಬ್ಬರೂ ಎರಡು ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಉಸಿರು ಬಿಗಿಹಿಡಿದು ಕೂತೆವು. ಕಾಗೆಯ ಭಯಕ್ಕೆ ನನ್ನ ತಲೆ ಮೇಲೆ ಮಂಕಿ ಕ್ಯಾಪು ಇತ್ತು.

ಸೂರಕ್ಕಿ ಬಂತು. ಬುಟ್ಟಿಯ ಅಂಚಿನಲ್ಲಿ ಕೂತು ಒಂದೊಂದೇ ಬಣ್ಣ ನೋಡಿತು. ಯಾವುದನ್ನೂ ಮುಟ್ಟಲಿಲ್ಲ. ಹಾರಿ ಬಂದು ನನ್ನ ತಲೆ ಮೇಲೆ ಕೂತು, ಟೋಪಿಯಿಂದ ಒಂದೆಳೆ ಉಣ್ಣೆ ಕಿತ್ತುಕೊಂಡು ಹೋಯಿತು. ಮತ್ತೆ ಬಂತು, ಮತ್ತೆ ಕಿತ್ತಿತು.

ಯಜಮಾನರು ಹಕ್ಕಿಯನ್ನು ನೋಡಲಿಲ್ಲ, ಟೋಪಿಯನ್ನೇ ನೋಡುತ್ತಿದ್ದರು. ‘ಮೇಷ್ಟ್ರೇ, ಅದನ್ನ ಸ್ವಲ್ಪ ಬಿಚ್ಚಿ ಕೊಡಿ’ ಅಂತ ಕೈ ಚಾಚಿದರು. ಕೊಟ್ಟೆ. ಕಾಗೆ ಗುರುತು ಹಿಡಿಯುವ ಮುಂಚೆ ಕೆಳಗೆ ಓಡಿದೆ.

ದೀಪಾವಳಿಗೆ ನಮ್ಮನೆಯವಳ ಜೊತೆ ಸೀರೆ ಅಂಗಡಿಗೆ ಹೋದೆ. ಅಂಗಡಿಯವನು ಒಂದು ಸೀರೆಯನ್ನು ಬಹಳ ಗೌರವದಿಂದ ಬಿಡಿಸಿ ಹಾಸಿದ. ‘ಈ ಸಲದ ಹೊಸಾ ಬಣ್ಣ ಅಮ್ಮಾ. ಎಲ್ಲೂ ನೋಡಿರಕ್ಕಿಲ್ಲ ನೀವು.’

ಅವಳು ಸೆರಗನ್ನು ಬೆರಳಲ್ಲಿ ಹಿಡಿದು ನೋಡಿದಳು, ನನ್ನ ತಲೆ ನೋಡಿದಳು.

‘ನೋಡಿಲ್ಲ ಅಂತೀಯಲ್ಲಪ್ಪಾ, ಮದುವೆಯಾದಾಗಿನಿಂದ ಇದನ್ನೇ ಒಗೀತಿದೀನಿ.’