ಪರದೆಗೆ ಪೈಪೋಟಿ ಕೊಟ್ಟ ಮಾವ

ನನ್ನ ಸೋದರಮಾವ ಮೂವತ್ತು ವರ್ಷ ಸಿನಿಮಾದಲ್ಲಿ ನಟಿಸಿಯೂ ಒಂದೇ ಒಂದು ಮಾತನ್ನಾಡಲಿಲ್ಲವೆಂದರೆ ನೀವು ನಂಬುವಿರಾ? ಮೂಕನ ಪಾತ್ರಗಳೆಂದು ಭಾವಿಸಬೇಡಿ. ಊರಗೌಡ, ಪೂಜಾರಿ, ನಾಯಕಿಯ ತಂದೆ, ನಾಯಕನಿಂದ ಒದೆ ತಿನ್ನುವ ಫೌಜದಾರ! ಎಲ್ಲದರಲ್ಲಿಯೂ ಅವರ ಬಾಯಿ ಹಿಟ್ಟಿನ ಗಿರಣಿಯಂತೆ ಆಡುತ್ತಿತ್ತು. ಧ್ವನಿ ಮಾತ್ರ ಸ್ಟುಡಿಯೋದಲ್ಲಿ ಕುಳಿತ ಇನ್ನಾರದೋ! “ನಿಮ್ಮ ಮುಖ ಬೇಕು, ಸುರಪುರದ ಮಾತು ಬೇಡ” ಎಂಬುದು ನಿರ್ದೇಶಕರೆಲ್ಲರ ಒಕ್ಕೊರಲ ತೀರ್ಪು.

ಮಾವ ಇದಕ್ಕೆ ಕಂಡುಕೊಂಡ ಪರಿಹಾರ ಭಯಂಕರವಾಗಿತ್ತು. ಸಿನಿಮಾ ನಮ್ಮ ಶಹಾಪುರಕ್ಕೆ ಬಂದ ದಿನ, ಕಣ್ಣು ಕಾಣದ ನಮ್ಮ ಅತ್ತೆಯನ್ನು ಕೈಹಿಡಿದು ಟಾಕೀಸಿಗೆ ಕರೆತರುವರು. (ಕಣ್ಣಿಲ್ಲದವರಿಗೆ ಸಿನಿಮಾ ತೋರಿಸುವ ಈ ಹುಚ್ಚಿಗೆ ಏನೆನ್ನೋಣ?) ತಮ್ಮ ಪಾತ್ರ ಕಾಣಿಸಿದೊಡನೆ ಎದ್ದುನಿಂತು, ಅದರ ಮಾತುಗಳನ್ನೆಲ್ಲ ತಾವೇ ಗರ್ಜಿಸುವರು! ಪರದೆಯ ಗೌಡ “ಯಾರಲ್ಲಿ?” ಎನ್ನುವಷ್ಟರಲ್ಲಿ ಕುರ್ಚಿಯ ಗೌಡ “ಯಾವನಲೇ ಅಂವ?” ಎಂದು ಮುಗಿಸಿಯಾಗಿರುತ್ತಿತ್ತು.

“ಏ ಮುತ್ಯಾ, ಕುಂದ್ರೋ! ನಾವು ಟಿಕೀಟ್ ತಗೊಂಡದ್ದು ಅವನ್ನ ನೋಡಾಕ!”

“ಅವನೂ ನಾನs ಅದೀನಲೇ! ಒಂದs ಟಿಕೀಟಿನಾಗ ಇಬ್ಬರನ್ನ ನೋಡಾಕತ್ತಿ, ಸುಮ್ನ ಕುಂದ್ರು!”

ಒಮ್ಮೆ ಪರದೆಯ ಮಾವ ಪ್ರಾಣಬಿಟ್ಟ ಮೇಲೂ ಕುರ್ಚಿಯ ಮಾವ ನಾಲ್ಕು ವಾಕ್ಯ ಹೆಚ್ಚಿಗೆ ಆಡಿದರು. “ಶೂಟಿಂಗ್‌ನಾಗ ಆಡಿದ್ದೆ, ಕತ್ತರಿ ಹಾಕ್ಯಾರ!” ಎಂಬುದು ಅವರ ಸಮರ್ಥನೆ.

ಎರಡು ದಶಕ ಶಾಲೆಯಲ್ಲಿ ಶಿಸ್ತು ಕಲಿಸಿದ ನಾನು ಪಕ್ಕದಲ್ಲಿ ಕರವಸ್ತ್ರದಿಂದ ಮುಖ ಮುಚ್ಚಿಕೊಂಡಿರುತ್ತಿದ್ದೆ.

“ಮಾವಾ, ಮಂದಿ ನಗಾಕತ್ತದರಿ.”

“ನಗವಲ್ದ್ಯಾಕ! ಸಾಯೂದ್ರೊಳಗ ಒಂದ್ಸಲನಾರ ನನ್ನ ದನಿ ಆ ಪರದಾದಾಗಿಂದ ಬರಬೇಕೋ ಮಾಸ್ತರ. ಅಲ್ಲೀತನಕ ನಾ ಕುಂದ್ರಾಂವಲ್ಲ.”

ಕೊನೆಗೂ ನಮ್ಮ ಸೀಮೆಯದೇ ಒಬ್ಬ ಹುಡುಗಿ ನಿರ್ದೇಶಕಿಯಾಗಿ ವನದುರ್ಗದ ಕೋಟೆಯಲ್ಲಿ ಚಿತ್ರ ತೆಗೆದಳು. ಮಾವ ಕುರಿ ಕಾಯುವ ಮುದುಕ. “ದನೀನೂ ನಿಮ್ದs ಬೇಕ್ರಿ ಕಾಕಾ” ಎಂದಳಂತೆ. ಮಾವ ಬೆಂಗಳೂರಿನ ಸ್ಟುಡಿಯೋಗೆ ಹೋಗಿ, “ಕಂಬಳಿ ತರ್ರಿ. ಕುರಿ ಕಾಯಾಂವ ಕಂಬಳಿ ಇಲ್ದ ಮಾತಾಡ್ತಾನೇನು?” ಎಂದು ಹಟಹಿಡಿದು, ಕಂಬಳಿ ಹೊದ್ದೇ ಮೂರು ದಿನ ಮಾತನಾಡಿ ಬಂದರು. ಕುರಿಯನ್ನು ಕೇಳದಿದ್ದುದು ಆಕೆಯ ಪುಣ್ಯ!

ಶಹಾಪುರದಲ್ಲಿ ಮೊದಲ ಆಟ. ಕುರಿಗಾಹಿ ಪರದೆಗೆ ಬಂದೊಡನೆ “ಮುತ್ಯಾ ಬಂದ!” ಎಂಬ ಕೂಗಿನೊಂದಿಗೆ ಇಡೀ ಟಾಕೀಸಿನ ಕತ್ತುಗಳು ಮಾವನತ್ತ ತಿರುಗಿದವು. ಮಾವ ಏಳಲಿಲ್ಲ!

“ಯಾಕ್ರಿ, ಇವತ್ತ ನಿಂದ್ರಂಗಿಲ್ಲೇನು?” ಎಂದರು ಅತ್ತೆ.

ಆಗ ಪರದೆ ಗುಡುಗಿತು: “ಈ ಗುಡ್ಡ ನಂದು! ಯಾವನಲೇ ನನ್ನ ಕುರಿ ತಡಿಯಾಂವ?”

ಸೀಟಿಗಳೋ ಸೀಟಿಗಳು! ಆ ಗದ್ದಲದಲ್ಲಿ ಅತ್ತೆ ಕೈಚಾಚಿ ಮಾವನ ಮುಖ ತಡಕಿದರು. ಬೆರಳುಗಳು ತುಟಿಯ ಮೇಲೆ ಬಂದು ನಿಂತವು. ತುಟಿ ಮುಚ್ಚಿತ್ತು, ಮಾತು ಮುಂದುವರಿದಿತ್ತು. ಪರರ ಧ್ವನಿಯಲ್ಲಿ ಆಕೆಗೆ ಗಂಡ ಸಿಗುತ್ತಿರಲಿಲ್ಲ. ಅದಕ್ಕೆಂದೇ ಈ ಮನುಷ್ಯ ಮೂವತ್ತು ವರ್ಷ ಬೈಸಿಕೊಂಡು ನಿಂತಿದ್ದರೆಂದು ನನಗೆ ಹೊಳೆದದ್ದು ಅಂದೇ.

ಅತ್ತೆ ಪಕ್ಕದ ಕುರ್ಚಿಯ ಅಪರಿಚಿತಳ ತೋಳು ಹಿಡಿದೆಳೆದು, ಪರದೆಯತ್ತ ನೇರವಾಗಿ ಬೆರಳು ತೋರಿಸಿದರು:

“ಅಲ್ಲಿ ನೋಡವ್ವಾ, ನಮ್ಮವರು!”