ಸುವೇಲಿಂಗೆ ಕತ್ತಲು ಬೇಕಾಗಿತ್ತು

ಔದೆ ಚಿಕ್ಕಪ್ಪ ಅಕಾಬಾದಿಂದ ಒಂದು ದೀಪ ತಂದದ್ದೇ ಎಲ್ಲಕ್ಕೂ ಮೂಲ. ಬಂದರಿನಲ್ಲಿ ಹಡಗಿನ ಸರಕು ಇಳಿಸುವಾಗ ಉರಿಸುವಂಥ ದೀಪ ಅದು. ತೋಳ ಬಾರದಿರಲಿ ಎಂದು ಮೇಕೆ ದೊಡ್ಡಿಯ ಪಕ್ಕ ಕಂಬ ನೆಟ್ಟು ಅದನ್ನು ತುದಿಗೆ ಕಟ್ಟಿದ. ತೋಳ ಬರಲಿಲ್ಲ. ನಕ್ಷತ್ರಗಳೂ ಬರುವುದನ್ನು ನಿಲ್ಲಿಸಿದವು. ವಾದಿ ರುಮ್‌ನ ಮರುಭೂಮಿಯ ಅಂಚಿನ ನಮ್ಮೂರಿನಿಂದ ಹಿಡಿದು ಕಣಿವೆಯ ಅರ್ಧದವರೆಗೆ ಹಾಲು ಚೆಲ್ಲಿದಂತೆ ಬೆಳಕಾಯಿತು. ಮೇಕೆಗಳು ಇದು ಯಾವ ಬಗೆಯ ಹಗಲು ಎಂದು ತಿಳಿಯದೆ ರಾತ್ರಿಯೆಲ್ಲ ನಿಂತೇ ಮೆಲುಕು ಹಾಕಿದವು.

ಮೇಕೆಗಳ ಜೊತೆ ನಿದ್ದೆಗೆಟ್ಟವನೆಂದರೆ ಸುವೇಲಿಂ. ಕತ್ತಲೇ ಅವನ ಕಸುಬು. ಅತಿಥಿಗಳನ್ನು ರಾತ್ರಿ ಬಂಡೆಗಳ ನಡುವೆ ಕಾಲ್ನಡಿಗೆಯಲ್ಲಿ ಕರೆದೊಯ್ದು ನಕ್ಷತ್ರ ತೋರಿಸುವುದು, ಕ್ಯಾಮೆರಾ ಹೊತ್ತು ಬಂದವರಿಗೆ ಒಳ್ಳೆಯ ಜಾಗ ಹುಡುಕಿಕೊಡುವುದು. ಮೂರು ಕಾಲಿನ ಕ್ಯಾಮೆರಾ ಹೊರುವ ಈ ಜನಕ್ಕೆ ಬೇಕಾದದ್ದು ಒಂದೇ, ಬಾವಿಯ ತಳದಂಥ ಕತ್ತಲು. ಇವತ್ತು ರಾತ್ರಿ ದೊಡ್ಡ ಪ್ರವಾಸ ಕಂಪನಿಯೊಂದರ ಯಾರ್ಮಿಲಾ ಎಂಬ ಹೆಂಗಸು ಇಬ್ಬರು ಛಾಯಾಗ್ರಾಹಕರನ್ನು ಕಟ್ಟಿಕೊಂಡು ಬರುವವಳಿದ್ದಳು. ಅವಳಿಗೆ ಒಪ್ಪಿಗೆಯಾದರೆ ವರ್ಷವಿಡೀ ಸುವೇಲಿಂ ಕೈಗೆ ಜನ. ಒಪ್ಪಿಗೆಯಾಗದಿದ್ದರೆ ಅಕಾಬಾದಲ್ಲಿ ಭಾಮೈದನ ಮೀನಿನಂಗಡಿಯಲ್ಲಿ ಮಂಜುಗಡ್ಡೆ ಒಡೆಯುವ ಕೆಲಸ.

ಆದರೆ ಅವನಿಗೆ ಮಂಜುಗಡ್ಡೆಗಿಂತ ದೊಡ್ಡ ಚಿಂತೆ ತನ್ನ ಹೆಸರಿನದು. ಹಾಲುಹಲ್ಲು ಬೀಳುವ ವಯಸ್ಸಿನಲ್ಲಿ ಒಂದು ಮೇಕೆಮರಿಯ ಹಿಂದೆ ಹೋಗಿ ಸಂಜೆಗೆ ಮನೆ ಸೇರಿರಲಿಲ್ಲ. ಇಡೀ ಕುಲ ರಾತ್ರಿಯೆಲ್ಲ ಒಂಟೆ, ಜೀಪು ತೆಗೆದುಕೊಂಡು ಮರುಭೂಮಿ ಜಾಲಾಡಿತು. ಬೆಳಿಗ್ಗೆ ನೋಡಿದರೆ ಹುಡುಗ ಔದೆ ಚಿಕ್ಕಪ್ಪನ ದೊಡ್ಡಿಯಲ್ಲಿ ಮರಿಯನ್ನು ಅಪ್ಪಿಕೊಂಡು ಮಲಗಿದ್ದ. ತಮ್ಮನೆಯ ದೊಡ್ಡಿ ಎಂದು ತಿಳಿದು ಪಕ್ಕದ್ದಕ್ಕೆ ನುಗ್ಗಿದ್ದ. ಅಷ್ಟು ದೊಡ್ಡ ಮರುಭೂಮಿಯಲ್ಲಿ ಅವನು ತಪ್ಪಿದ್ದು ಒಂದೇ ಒಂದು ದೊಡ್ಡಿಯಷ್ಟು. ಅದನ್ನು ಯಾರೂ ಲೆಕ್ಕಕ್ಕೆ ಇಟ್ಟುಕೊಳ್ಳಲಿಲ್ಲ. ಅಂದಿನಿಂದ ಅವನು ‘ಕಳೆದುಹೋದ ಸುವೇಲಿಂ’. ಆಕಾಶದ ಒಂದೊಂದು ನಕ್ಷತ್ರವನ್ನೂ ಗುರುತು ಮಾಡಿಕೊಂಡಮೇಲೂ ಅದೇ ಹೆಸರು. ಒಂದು ಸಲ, ಒಬ್ಬರ ಬಾಯಲ್ಲಾದರೂ ‘ಗೈಡ್ ಸುವೇಲಿಂ’ ಅನ್ನಿಸಿಕೊಳ್ಳಬೇಕೆಂಬುದು ಅವನ ಆಸೆ.

"ಹೋಗಿ ಚಿಕ್ಕಪ್ಪನ್ನ ಕೇಳು. ಒಂದು ರಾತ್ರಿ ದೀಪ ಆರಿಸಿದ್ರೆ ಅವರ ಗಂಟೇನೂ ಹೋಗಲ್ಲ" ಎಂದಳು ಹೆಂಡತಿ ಫಿದ್ದಾ, ರೊಟ್ಟಿ ಹಿಟ್ಟು ನಾದುತ್ತ.

ಸುವೇಲಿಂ ಬೆಳಿಗ್ಗೆಯೇ ಹೊರಟ. ನಮ್ಮಲ್ಲಿ ಯಾರ ಮನೆಗಾದರೂ ಕೇಳಿಕೊಳ್ಳಲು ಹೋದರೆ ಮೊದಲು ಕಾಫಿ, ಆಮೇಲೆ ಮಾತು. ಏಲಕ್ಕಿ ಹಾಕಿದ, ವಿಷದಷ್ಟು ಕಹಿಯಾದ ಕಾಫಿಯನ್ನು ಮೂರು ಬಟ್ಟಲು ಕುಡಿದಮೇಲೆ ಅವನು ವಿಷಯ ತೆಗೆದ.

"ದೀಪ ಆರಿಸೋದಾ?" ಔದೆ ಚಿಕ್ಕಪ್ಪ ಗಡ್ಡ ಕೆರೆದುಕೊಂಡ. "ಅಲ್ಲ ಮಗಾ, ಜನ ದೂರದಿಂದ ಬರೋದು ನೋಡೋಕೆ ತಾನೆ? ಕತ್ತಲೇಲಿ ಏನು ನೋಡ್ತಾರೆ?"

"ಕತ್ತಲನ್ನೇ ನೋಡ್ತಾರೆ, ಚಿಕ್ಕಪ್ಪ. ಅವರ ಊರಲ್ಲಿ ಅದು ಸಿಗಲ್ಲ."

"ಪಾಪ" ಎಂದ ಚಿಕ್ಕಪ್ಪ, ನಿಜವಾಗಿಯೂ ಮರುಗಿ. "ಅತಿಥಿ ಕೇಳಿದ್ದನ್ನ ಇಲ್ಲ ಅನ್ನೋಕಾಗುತ್ತಾ? ಆರಿಸ್ತೀನಿ. ಆದ್ರೆ ನನ್ನ ದೀಪವೊಂದೇ ನಿನ್ನ ಕಣ್ಣಿಗೆ ಚುಚ್ಚಿತಾ? ಮುಸ್ಲಿಹ್‌ನ ಬಿಡಾರ ನೋಡು, ಮದುವೆಮನೆ ಥರ ಮಿಣಮಿಣ ಅಂತಿರುತ್ತೆ. ಅವನನ್ನೂ ಕೇಳು."

ಮುಸ್ಲಿಹ್ ಪ್ರವಾಸಿಗರಿಗೆ ಗುಡಾರ ಬಾಡಿಗೆಗೆ ಕೊಡುವವನು. ಅವನಲ್ಲಿ ಮತ್ತೆ ಮೂರು ಬಟ್ಟಲು ಕಾಫಿ.

"ಆರಿಸ್ತೀನಪ್ಪಾ" ಎಂದ ಮುಸ್ಲಿಹ್. "ಆದ್ರೆ ಒಂದು ಮಾತು. ಕತ್ತಲೇಲಿ ಅವರನ್ನ ನೀನೇ ನಡೆಸ್ಕೊಂಡು ಹೋಗ್ತೀಯಾ?"

"ನಾನೇ."

"ಜೊತೆಗೆ ಯಾರೂ ಬರಲ್ಲ?"

"ಯಾರೂ ಬೇಡ."

ಮುಸ್ಲಿಹ್ ನಾಲ್ಕನೆಯ ಬಟ್ಟಲು ಕಾಫಿ ಬಗ್ಗಿಸಿದ, ರೋಗಿಗೆ ಕಷಾಯ ಕೊಡುವವನ ಮುಖ ಮಾಡಿಕೊಂಡು.

ಮುಸ್ಲಿಹ್ ಆರಿಸುವುದಾದರೆ ಅಂಗಡಿಯವನೂ ಆರಿಸಬೇಕು. ಅಂಗಡಿಯವನು ಆರಿಸುವುದಾದರೆ ಎದುರಿನವನು ಯಾಕೆ ಆರಿಸಬಾರದು? ಮನೆಯಿಂದ ಮನೆಗೆ ಹೋಗುತ್ತ ಸುವೇಲಿಂ ಹೊಟ್ಟೆಯೊಳಗೆ ಒಂದು ಸಣ್ಣ ಕಾಫಿ ಸಮುದ್ರವೇ ಆಯಿತು. ಮಧ್ಯಾಹ್ನದ ಹೊತ್ತಿಗೆ ಅವನ ಕೈ ಗಾಳಿಗೆ ಸಿಕ್ಕ ಗುಡಾರದ ಅಂಚಿನಂತೆ ಪಟಪಟ ನಡುಗುತ್ತಿತ್ತು. ಅವನಿಗಿಂತ ಮುಂಚೆ ಸುದ್ದಿ ಓಡುತ್ತಿತ್ತು. ಒಂದು ಮನೆಯಲ್ಲಿ, ಬರುವ ಅತಿಥಿಗೆ ಬೆಳಕು ಕಂಡರಾಗದ ಕಣ್ಣುಬೇನೆ ಎಂದರು. ಇನ್ನೊಂದರಲ್ಲಿ, ಆಕೆ ಹಗಲು ಮಲಗಿ ರಾತ್ರಿ ಏಳುವ ದೊಡ್ಡ ಮನೆತನದವಳು ಎಂದರು. ಕೊನೆಯ ಮನೆಯ ಹಮ್ದಾ ಅತ್ತೆ ಸುವೇಲಿಂನ ತಲೆ ನೇವರಿಸಿ, "ಹೋಗ್ಲೇಬೇಕೇನೋ, ಕಂದಾ?" ಎಂದಳು, ಅವನೇನೋ ಯುದ್ಧಕ್ಕೆ ಹೊರಟವನ ಹಾಗೆ.

ಒಟ್ಟಿನಲ್ಲಿ ಇಲ್ಲ ಎಂದವರು ಯಾರೂ ಇಲ್ಲ. ಅತಿಥಿ ಸುವೇಲಿಂನವಳಿರಬಹುದು, ಮರ್ಯಾದೆ ಊರಿನದು.

ಸಂಜೆ ಯಾರ್ಮಿಲಾ ಬಂದಿಳಿದಳು. ಅವಳು ಅರಬ್ಬಿಯನ್ನು ಪುಸ್ತಕದಿಂದ ಕಲಿತವಳು. ಬಾಯಿ ತೆರೆದರೆ ರೇಡಿಯೋದಲ್ಲಿ ವಾರ್ತೆ ಓದಿದ ಹಾಗೆ.

"ತಮ್ಮ ದರ್ಶನದಿಂದ ಸಂತೋಷವಾಯಿತು. ಇಂದು ಆಕಾಶವು ನಿರ್ಮಲವಾಗಿದೆಯೇ?"

"ಕನ್ನಡಿ ಥರ ಇದೆ" ಎಂದ ಸುವೇಲಿಂ.

ರಾತ್ರಿಯ ಪ್ರಾರ್ಥನೆ ಮುಗಿಯುತ್ತಿದ್ದಂತೆ ದೀಪಗಳು ಒಂದೊಂದಾಗಿ ಆರಿದವು. ಅಂಗಡಿ, ಮುಸ್ಲಿಹ್‌ನ ಬಿಡಾರ, ಕೊನೆಗೆ ಔದೆ ಚಿಕ್ಕಪ್ಪನ ಸೂರ್ಯ. ಊರು ಇದ್ದ ಜಾಗದಲ್ಲಿ ಊರೇ ಇಲ್ಲವಾಯಿತು. ಮೇಲೆ ಅಮಾವಾಸ್ಯೆಯ ಆಕಾಶ ಬಟ್ಟೆ ಒದರಿದಂತೆ ನಕ್ಷತ್ರಗಳನ್ನು ಉದುರಿಸಿತು. ಛಾಯಾಗ್ರಾಹಕರಿಬ್ಬರೂ ತಮ್ಮ ಭಾಷೆಯಲ್ಲಿ ಏನೋ ಅಂದು ಕತ್ತು ಮೇಲೆತ್ತಿದರು. ಸುವೇಲಿಂ ಎದೆ ಉಬ್ಬಿತು.

ಕತ್ತಲಿಗೆ ಕಣ್ಣು ಪಳಗಬೇಕೆಂದರೆ ಬಿಳಿ ಬೆಳಕು ಕಾಣಬಾರದು. ಅದಕ್ಕೇ ನಾಲ್ವರೂ ಹಣೆಗೆ ಪುಟ್ಟ ಕೆಂಪು ದೀಪ ಕಟ್ಟಿಕೊಂಡು ಮರಳಿನಲ್ಲಿ ದಕ್ಷಿಣಕ್ಕೆ ನಡೆದರು. ದೊಡ್ಡ ಬಂಡೆಯೊಂದರ ಬಳಿ ಛಾಯಾಗ್ರಾಹಕರಲ್ಲಿ ತೆಳ್ಳಗಿದ್ದವನು ಮೇಲೆ ಹತ್ತಿ, ಕ್ಯಾಮೆರಾವನ್ನು ಉತ್ತರದ ಕಡೆ ಮುಖ ಮಾಡಿಟ್ಟು, ತಂತಾನೇ ಚಿತ್ರ ತೆಗೆಯುತ್ತಿರಲೆಂದು ಬಿಟ್ಟು ಇಳಿದ. ಗಂಟೆಗಟ್ಟಲೆ ಬಿಟ್ಟರೆ ನಕ್ಷತ್ರಗಳು ಸುತ್ತುವ ದಾರಿಯೆಲ್ಲ ಬಳೆಗಳಂತೆ ಮೂಡುತ್ತದೆ.

"ಆ ಬಳೆಗಳ ನಡುವೆ ಅಲ್ಲಾಡದೆ ನಿಲ್ಲೋದು ಇದೊಂದೇ" ಎಂದು ಸುವೇಲಿಂ ತನ್ನ ಹಸಿರು ಲೇಸರ್ ಬೆಳಕಿನ ಕಡ್ಡಿಯನ್ನು ಧ್ರುವ ನಕ್ಷತ್ರದ ಕಡೆ ಎತ್ತಿದ. "ನಾವು ಇದನ್ನ ಮೇಕೆಮರಿ ಅಂತೀವಿ."

ಊರಿನ ಕಾಫಿಯೆಲ್ಲ ಅವನ ಕೈಯಲ್ಲಿ ಸೇರಿತ್ತು. ಹಸಿರು ಗೆರೆ ಆಕಾಶದ ತುಂಬ ಕುಣಿಯಿತು.

"ಅಲ್ಲಾಡದಿರುವ ನಕ್ಷತ್ರವು ಯಾವುದು?" ಎಂದು ಕೇಳಿದಳು ಯಾರ್ಮಿಲಾ, ಗಂಭೀರವಾಗಿ.

ಅತ್ತ ಊರಲ್ಲಿ ಇನ್ನೊಂದು ಬಗೆಯ ತೊಂದರೆ ಶುರುವಾಗಿತ್ತು. ದೀಪ ಆರಿಸಿ ಕೂತ ಜನಕ್ಕೆ ಮಾಡಲು ಕೆಲಸವಿಲ್ಲ. ಟೀವಿ ಹಾಕಿದರೆ ಕಿಟಕಿಯಲ್ಲಿ ಬೆಳಕು ಸೋರುತ್ತದೆ. ಎಲ್ಲರೂ ಚಾಪೆ ತಂದು ಹೊರಗೆ ಹಾಸಿಕೊಂಡು ಕೂತರು. ಹುಟ್ಟಿದಾಗಿನಿಂದ ನಕ್ಷತ್ರ ನೋಡಿದವರು, ಅವುಗಳಲ್ಲಿ ಹೊಸದೇನೂ ಇರಲಿಲ್ಲ. ಅಷ್ಟು ದೊಡ್ಡ ಕತ್ತಲಲ್ಲಿ ನೋಡಲು ಇದ್ದದ್ದು ದೂರದ ಮರಳಿನ ಮೇಲಿನ ನಾಲ್ಕು ಕೆಂಪು ಚುಕ್ಕೆ ಮಾತ್ರ.

ಚುಕ್ಕೆಗಳು ಹತ್ತು ಹೆಜ್ಜೆ ಹೋದವು, ನಿಂತವು. ಬಂಡೆಗೆ ಒಂದು ಸುತ್ತು ಬಂದವು. ಮತ್ತೆ ನಿಂತವು. ಒಂದು ಚುಕ್ಕೆ ಬಂಡೆ ಹತ್ತಿ ಇಳಿಯಿತು.

"ಎತ್ತರಕ್ಕೆ ಹತ್ತಿ ದಾರಿ ಹುಡುಕ್ತಿದಾರೆ" ಎಂದಳು ಹಮ್ದಾ ಅತ್ತೆ.

ಆಮೇಲೆ ಒಂದು ಹಸಿರು ಗೆರೆ ಆಕಾಶದಲ್ಲಿ ಹುಚ್ಚೆದ್ದು ಕುಣಿಯಿತು.

"ಕೈ ಬೀಸ್ತಿದಾನೆ, ನಮ್ಮ ಹುಡುಗ" ಎನ್ನುತ್ತ ಔದೆ ಚಿಕ್ಕಪ್ಪ ಎದ್ದ. "ಕರೀತಿದಾನೆ. ಎಲ್ಲಿ ನನ್ನ ಚಪ್ಪಲಿ?"

ಮರುಭೂಮಿಯಲ್ಲಿ ಒಬ್ಬ ದಾರಿ ತಪ್ಪಿದ್ದು ಕಂಡೂ ಕೂತವನು ನಾಳೆ ಯಾರ ಮುಂದೆಯೂ ಮುಖ ಎತ್ತಿ ಕಾಫಿ ಕುಡಿಯುವ ಹಾಗಿಲ್ಲ. ಫಿದ್ದಾ ಒಬ್ಬಳೇ, "ಅವನು ದಾರಿ ತಪ್ಪಿಲ್ಲ, ಕೆಲಸ ಮಾಡ್ತಿದಾನೆ, ಕೂತ್ಕೊಳ್ಳಿ" ಎಂದು ಚಾಪೆಯಿಂದ ಚಾಪೆಗೆ ಓಡಾಡಿದಳು. "ಹೆಂಡತಿ ಇನ್ನೇನು ಹೇಳ್ತಾಳೆ, ಪಾಪ" ಎಂದು ಎಲ್ಲರೂ ಅವಳನ್ನು ಸಮಾಧಾನ ಮಾಡಿದರು.

ಮೊದಲು ಬಂದದ್ದು ಔದೆ ಚಿಕ್ಕಪ್ಪನ ಜೀಪು, ಕಣ್ಣೆರಡನ್ನೂ ಪೂರ್ತಿ ತೆರೆದುಕೊಂಡು. ಕಣ್ಣು ಪಳಗಿಸಿಕೊಂಡಿದ್ದ ಛಾಯಾಗ್ರಾಹಕರು ಬಿಸಿ ನೀರು ಎರಚಿದಂತೆ ಮುಖ ಮುಚ್ಚಿಕೊಂಡು ಮರಳಿಗೆ ಬಿದ್ದರು.

"ಭಯಪಡ್ಬೇಡ ಮಗಾ, ನಾನು ಬಂದೆ."

"ಚಿಕ್ಕಪ್ಪಾ, ನಾನು ದಾರಿ ತಪ್ಪಿಲ್ಲ."

"ಹೌದೌದು. ಆವತ್ತೂ ಹಾಗೇ ಅಂದಿದ್ದೆ."

"ದಮ್ಮಯ್ಯ, ಮೊದಲು ಆ ದೀಪ ಆರಿಸಿ."

"ದೀಪ ಆರಿಸಬಹುದು. ಆದ್ರೆ ಈ ಗಾಡೀಲಿ ದೀಪದ ಜೊತೆ ಇಂಜಿನ್ನೂ ಆರುತ್ತೆ."

"ಆರಲಿ."

ಆರಿತು. ಮತ್ತೆ ಹೊತ್ತಿಕೊಳ್ಳಲಿಲ್ಲ. ಚಿಕ್ಕಪ್ಪ ಸ್ವಲ್ಪ ಹೊತ್ತು ತಳ್ಳಿಸಿ ನೋಡಿ, ಆಮೇಲೆ ಊರಿನ ಕಡೆ ತಿರುಗಿ ಹಾರನ್ ಒತ್ತತೊಡಗಿದ. ಅದು ಮಾತ್ರ ಕಹಳೆಯಂತೆ ಕೆಲಸ ಮಾಡಿತು.

"ಹುಡುಕೋಕೆ ಹೋದ ಔದೆಯೂ ಸಿಕ್ಕಿಹಾಕ್ಕೊಂಡ" ಎಂದಿತು ಊರು. ಇದ್ದಬದ್ದ ಗಾಡಿಗಳೆಲ್ಲ ಹೊರಟವು. ಮುಸ್ಲಿಹ್ ನೆತ್ತಿಯ ಮೇಲೂ ದೀಪ ಸಾಲಿಟ್ಟ ತನ್ನ ಪಿಕಪ್‌ನಲ್ಲಿ ಪೂರ್ವದಿಂದ ಬಂದ. ಅಂಗಡಿಯವನು ಪಶ್ಚಿಮದಿಂದ. ಹಮ್ದಾ ಅತ್ತೆ ರೊಟ್ಟಿ, ಮೊಸರಿನ ಜೊತೆ ಒಂದು ಟ್ರ್ಯಾಕ್ಟರ್‌ನಲ್ಲಿ. ಕಣಿವೆಯ ಆ ಕೊನೆಯಿಂದ, ಯಾರು ಕಳೆದುಹೋದದ್ದೆಂದು ಗೊತ್ತಿಲ್ಲದವರೂ ಬಂದರು.

"ಎಲ್ಲ ವಾಪಸ್ ಹೋಗಿ" ಎಂದು ಸುವೇಲಿಂ ಗಾಡಿಯಿಂದ ಗಾಡಿಗೆ ಓಡಿದ. "ನನಗೆ ದಾರಿ ಗೊತ್ತು. ಅಗೋ ಮೇಕೆಮರಿ, ಅದರ ಕೆಳಗೆ ನಮ್ಮೂರು."

"ಮೇಕೆಮರಿ ಅಂತೆ. ಪಾಪ, ಇನ್ನೂ ಅದನ್ನೇ ಹುಡುಕ್ತಿದಾನೆ" ಎಂದ ಅಂಗಡಿಯವನು ಮೆಲ್ಲಗೆ.

ಸಿಕ್ಕ ಅತಿಥಿಗಳನ್ನು ಬರಿಗೈಯಲ್ಲಿ ಕಳಿಸುವುದುಂಟೇ? ಸೌದೆ ಬಂತು, ಬೆಂಕಿ ಎದ್ದಿತು, ಚಹಾ ಕುದಿಯಿತು. ಉಳಿದಿದ್ದ ನಾಲ್ಕು ನಕ್ಷತ್ರಗಳನ್ನು ಹೊಗೆ ನುಂಗಿತು. ಯಾರ್ಮಿಲಾ ಚಹಾದ ಲೋಟ ಹಿಡಿದು ಹೊಗೆಯನ್ನೇ ನೋಡುತ್ತ ಕೂತಿದ್ದಳು. ಸುವೇಲಿಂ ಅವಳಿಂದ ದೂರ, ಜೀಪಿನ ಚಕ್ರಕ್ಕೆ ಒರಗಿ ಕುಸಿದ. ಅವನ ಮೂಗಿಗೆ ಆಗಲೇ ಮೀನಿನ ವಾಸನೆ ಬಡಿಯುತ್ತಿತ್ತು.

ಆಗ ತೆಳ್ಳಗಿನವನಿಗೆ ಬಂಡೆಯ ಮೇಲಿನ ಕ್ಯಾಮೆರಾ ನೆನಪಾಯಿತು. ಹತ್ತಿ ತಂದ. ಪುಟ್ಟ ಪರದೆ ನೋಡಿ ಯಾರ್ಮಿಲಾಳನ್ನು ಕರೆದ. ಅವಳು ನೋಡಿದಳು. ಅವಳ ಭುಜದ ಮೇಲಿಂದ ಚಿಕ್ಕಪ್ಪ ನೋಡಿದ. ಕೊನೆಗೆ ಇಡೀ ಊರು ತಲೆಗೆ ತಲೆ ಕೊಟ್ಟು ನಿಂತಿತು.

ಮೇಲೆ ನಕ್ಷತ್ರಗಳು ಮೇಕೆಮರಿಯ ಸುತ್ತ ಬಳೆ ಬಳೆಯಾಗಿ ಸುತ್ತಿದ್ದವು. ಕೆಳಗೆ, ಕಪ್ಪು ಮರಳಿನ ಎಲ್ಲ ದಿಕ್ಕಿನಿಂದ ಗಾಡಿ ದೀಪಗಳ ಚಿನ್ನದ ಎಳೆಗಳು ಬಾಗಿ ಬಳುಕಿ ಹರಿದುಬಂದು ಒಂದೇ ಕಡೆ ಸೇರಿದ್ದವು. ಅವು ಸೇರಿದ ಜಾಗದಲ್ಲಿ ಒಂದು ಕೆಂಪು ಚುಕ್ಕೆ, ಸುವೇಲಿಂನ ಹಣೆಯ ದೀಪ. ಸುವೇಲಿಂ ಎದ್ದು ಜನರ ನಡುವೆ ತೂರಿ ಬಗ್ಗಿ ನೋಡಿದ. ಇಷ್ಟು ಜನ ತನ್ನೊಬ್ಬನಿಗಾಗಿ ಬಂದದ್ದನ್ನು ಅವನು ಎಂದೂ ಮೇಲಿನಿಂದ ನೋಡಿರಲಿಲ್ಲ.

"ನಕ್ಷತ್ರಗಳು ಎಲ್ಲ ಮರುಭೂಮಿಗಳಲ್ಲಿಯೂ ಇವೆ" ಎಂದಳು ಯಾರ್ಮಿಲಾ. "ಇಂಥ ಚಿತ್ರವನ್ನು ನಾನು ಎಲ್ಲಿಯೂ ಕಂಡಿಲ್ಲ. ನಾವು ಪ್ರತಿ ಅಮಾವಾಸ್ಯೆಗೂ ಜನರನ್ನು ಕಳುಹಿಸುತ್ತೇವೆ."

ಸುವೇಲಿಂ ತಟ್ಟನೆ ತಲೆಯೆತ್ತಿದ. "ನನ್ನ ಹತ್ರಾನಾ?"

"ತಮ್ಮಲ್ಲಿಗೇ. ತಾವಿಲ್ಲದೆ ಇದು ಸಾಧ್ಯವಿಲ್ಲ. ಆದರೆ ಒಂದು ನಿಬಂಧನೆ ಇದೆ." ಅವಳು ಪದ ಹುಡುಕಿದಳು. "ತಾವು ಪ್ರತಿ ಸಲವೂ ದಾರಿ ತಪ್ಪಬೇಕು. ಇವರೆಲ್ಲರೂ ತಮ್ಮನ್ನು ಹುಡುಕಬೇಕು."

"ಮತ್ತೆ ಗೈಡ್ ಯಾರು?"

"ಮಾರ್ಗದರ್ಶಕರು ಔದೆಯವರು. ಅವರೇ ತಾನೆ ತಮ್ಮನ್ನು ಮೊದಲು ಕಂಡುಹಿಡಿದದ್ದು?"

ಔದೆ ಚಿಕ್ಕಪ್ಪ ತಲೆಯ ವಸ್ತ್ರ ಸರಿಮಾಡಿಕೊಂಡ. ಊರಿನವರು ಅವನ ಬೆನ್ನು ತಟ್ಟಿದರು. "ಗೈಡ್ ಔದೆ" ಎಂದು ಯಾರೋ ಅಂದರು. ಹೆಸರು ಅಂಟಿಕೊಂಡುಬಿಟ್ಟಿತು.

"ಏನೂ ಯೋಚನೆ ಮಾಡ್ಬೇಡ ಮಗಾ" ಎಂದ ಚಿಕ್ಕಪ್ಪ, ಅವನ ಹೆಗಲ ಮೇಲೆ ಕೈಯಿಟ್ಟು. "ಎಲ್ಲಿ ಕಳೆದುಹೋಗ್ತೀಯಾ ಅಂತ ಹಿಂದಿನ ದಿನಾನೇ ಹೇಳಿಬಿಡು. ಹುಡುಕೋಕೆ ಸುಲಭ. ಬಾ, ಮುಸ್ಲಿಹ್‌ನ ಗಾಡಿ ಹತ್ತು."

"ನಾನು ನಡ್ಕೊಂಡು ಬರ್ತೀನಿ" ಎಂದ ಸುವೇಲಿಂ. "ಒಬ್ಬನೇ."

ಎಲ್ಲರೂ ಹೋದರು. ಬೆಂಕಿ ಆರಿತು. ಆಕಾಶ ಮೆಲ್ಲಗೆ ಹಿಂದಿರುಗಿತು. ಮೇಕೆಮರಿ ತನ್ನ ಜಾಗದಲ್ಲೇ ಇತ್ತು. ಅದನ್ನು ಮೂಗಿನ ನೇರಕ್ಕೆ ಇಟ್ಟುಕೊಂಡು ಅವನು ಉತ್ತರಕ್ಕೆ ನಡೆದ. ಒಂದು ಹೆಜ್ಜೆಯೂ ಆಚೀಚೆ ಆಗಲಿಲ್ಲ. ನೋಡಲು ಯಾರೂ ಇರಲಿಲ್ಲ, ಅಷ್ಟೆ.

ಸುವೇಲಿಂ ಊರಿನ ಕೂಗಳತೆಗೆ ಬಂದಾಗ ಔದೆ ಚಿಕ್ಕಪ್ಪನಿಗೆ ಹುಡುಗನ ನೆನಪಾಯಿತು. ಪಾಪ, ಒಬ್ಬನೇ ಬರುತ್ತಿದ್ದಾನೆ. ಚಿಕ್ಕಪ್ಪ ದೊಡ್ಡಿಯ ದೀಪ ಹಾಕಿದ. ಅದನ್ನು ಕಂಡು ಮುಸ್ಲಿಹ್ ತನ್ನ ಬಿಡಾರವನ್ನೆಲ್ಲ ಬೆಳಗಿಸಿದ. ಅಂಗಡಿ, ಎದುರು ಮನೆ, ಹಮ್ದಾ ಅತ್ತೆಯ ಮನೆ, ಒಂದನ್ನು ನೋಡಿ ಇನ್ನೊಂದು, ಇಡೀ ಊರು ಅವನಿಗೋಸ್ಕರ ಹೊತ್ತಿಕೊಂಡಿತು.

ಮೇಕೆಮರಿ ಮಾಯವಾಯಿತು. ಸುವೇಲಿಂ ಕಣ್ಣಿಗೆ ಕೈ ಅಡ್ಡ ಹಿಡಿದು, ಬಿಳಿ ಮಂಜಿನಂಥ ಬೆಳಕಿನಲ್ಲಿ ತಡವುತ್ತ ಬಂದ. ಕೈಗೆ ಒಂದು ತಗಡಿನ ಬಾಗಿಲು ಸಿಕ್ಕಿತು. ಸದ್ಯ, ಮನೆ ಬಂತು ಎಂದು ತಳ್ಳಿ ಒಳಗೆ ಕಾಲಿಟ್ಟ. ಬೆಚ್ಚಗಿನ, ಒದ್ದೆಯಾದ ಮೂತಿಯೊಂದು ಅವನ ಅಂಗೈ ನೆಕ್ಕಿತು.

"ಅದು ಚಿಕ್ಕಪ್ಪನ ದೊಡ್ಡಿ" ಎಂದಳು ಬೇಲಿಯ ಆಚೆಯಿಂದ ಫಿದ್ದಾ. ಅವಳ ಕೈಯಲ್ಲಿ ಕಂಬಳಿ ಇತ್ತು. "ಯಾರೂ ನೋಡಿಲ್ಲ. ಬೇಗ ಈ ಕಡೆ ಬಾ."