ಮಾವನ ಊರಿನಲ್ಲಿ ಇಟಲಿ ಸಿನಿಮಾ

ಇಟಲಿಯ ಒಬ್ಬ ದೊಡ್ಡ ನಿರ್ದೇಶಕರ ಬಗ್ಗೆ ನಾನು ಅಧಿಕಾರವಾಣಿಯಿಂದ ಮಾತಾಡಬಲ್ಲೆ ಎಂಬ ಧೈರ್ಯ ಬಂದದ್ದು ಒಂದೂವರೆ ಪುಟದ ಲೇಖನ ಓದಿದ ಮೇಲೆ. ಎಂಬತ್ತರ ದಶಕದ ಕೊನೆಯ ಮಾತು. ಆಗ ನಾನು ಗುಲ್ಬರ್ಗಾದಲ್ಲಿ ಗುಮಾಸ್ತ. ಸಂಜೆ ಹೊತ್ತು ಸೇಡಂ ರಸ್ತೆಯ ಒಂದು ಫಿಲಂ ಸೊಸೈಟಿಯ ಸದಸ್ಯ. ಆ ನಿರ್ದೇಶಕರು ನಲವತ್ತು ವರ್ಷ ಸಿನಿಮಾ ಮಾಡಿದವರು, ಒಂದೊಂದು ಚಿತ್ರಕ್ಕೆ ಒಬ್ಬೊಬ್ಬ ಮಂತ್ರಿಯನ್ನು ಎದುರು ಹಾಕಿಕೊಂಡವರು. ಇಷ್ಟನ್ನು ಕಮಲಾಪುರದ ನಮ್ಮ ಮಾವನವರಿಗೆ ಹೇಳಿದೆ. ನಿವೃತ್ತ ಹೆಡ್‌ಮಾಸ್ತರರಾದ ಅವರು ಊರಿಗೆಲ್ಲ ಹೇಳಿದರು, "ನಮ್ಮ ಅಳಿಯಂದಿರು ಇಟಲಿ ಸಿನಿಮಾದಾಗ ಪಂಡಿತರಿದ್ದಾರ."

ಪಾಂಡಿತ್ಯ ತೋರಿಸಲು ಒಂದು ಭಾನುವಾರ ಗೊತ್ತಾಯಿತು. ಸೊಸೈಟಿಯ ಪ್ರೊಜೆಕ್ಟರ್, ಅದರ ಆಪರೇಟರ್, ರೀಲಿನ ಡಬ್ಬಿಗಳ ಸಮೇತ ಬಸ್ಸು ಹತ್ತಿದೆವು.

"ಈ ಸಿನಿಮಾ ನೀವು ನೋಡೀರೇನು?" ಹೆಂಡತಿ ಸುಧಾ ಕೇಳಿದಳು.

"ನಿರ್ದೇಶಕರ ಇಡೀ ಜೀವನಾನೇ ಗೊತ್ತದ. ಒಂದು ಸಿನಿಮಾ ಏನು ಮಹಾ?"

ಶಾಲೆಯ ಹಾಲ್ ಕಿಟಕಿಗಳಿಗೆ ಜಮಖಾನೆ ಕಟ್ಟಿ ಕತ್ತಲು ಮಾಡಿದ್ದರು. ಊರೇ ಬಂದಿತ್ತು. ಸರ್ಕಾರ ಚಿತ್ರ ತಡೆದದ್ದು, ನಿರ್ದೇಶಕರು ಕೋರ್ಟು ಹತ್ತಿದ್ದು, ಯಾರಿಗೂ ತಲೆ ಬಾಗಿಸದೇ ಇದ್ದದ್ದು ಎಲ್ಲವನ್ನೂ ಇಪ್ಪತ್ತು ನಿಮಿಷ ಹೇಳಿದೆ. ಚಪ್ಪಾಳೆ ಬಿತ್ತು. ಮಾವನವರು ಹಿಗ್ಗಿ ಧೋತರ ಸರಿಮಾಡಿಕೊಂಡರು.

ಸಿನಿಮಾ ಶುರುವಾಯಿತು. ಅಪ್ಪಟ ಇಟಾಲಿಯನ್. ಕೆಳಗೆ ಇಂಗ್ಲಿಷಿನ ಒಂದು ಅಕ್ಷರವೂ ಇಲ್ಲ.

"ಅಳಿಯಂದಿರ, ನೀವು ಕಥಿ ಹೇಳ್ಕೋತ ಹೋಗ್ರಿ," ಎಂದು ಮಾವನವರು ಮೈಕು ನನ್ನ ಕೈಗಿಟ್ಟರು.

ಪರದೆಯ ಮೇಲೆ ಒಬ್ಬ ದಪ್ಪ ಮನುಷ್ಯ ಕೂಲಿಕಾರರ ಮೇಲೆ ಕೂಗಾಡುತ್ತಿದ್ದ. "ಇವನು ದುಷ್ಟ ಮಾಲೀಕ," ಎಂದು ಘೋಷಿಸಿದೆ. ಐದು ನಿಮಿಷದಲ್ಲಿ ಕೂಲಿಕಾರರು ಅವನನ್ನು ಹೆಗಲ ಮೇಲೆ ಹೊತ್ತು ಕುಣಿದರು. "ಮನಸ್ಸು ಬದಲಾಯಿಸಿದ," ಎಂದೆ. ಒಬ್ಬ ಹೆಣ್ಣುಮಗಳು ಅವನಿಗೆ ಊಟ ಬಡಿಸಿದಳು. "ಇವಳು ತಂಗಿ." ಮುಂದಿನ ದೃಶ್ಯದಲ್ಲಿ ಇಬ್ಬರಿಗೂ ಮದುವೆಯಾಯಿತು. "ತಂಗಿಯಂತಿದ್ದವಳು," ಎಂದು ತಿದ್ದಿದೆ. ಅದು ಇನ್ನೂ ಕೆಟ್ಟಿತು. ಸುಧಾ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು.

ಅಷ್ಟರಲ್ಲಿ ಒಂದು ಶವಯಾತ್ರೆ ಬಂತು. ನನಗೆ ಜೀವ ಬಂತು. ದಪ್ಪ ಮನುಷ್ಯ ಹುತಾತ್ಮನಾದನೆಂದು ಗದ್ಗದಿತನಾಗಿ ಸಾರಿ, ಎಲ್ಲರೂ ಎದ್ದು ಒಂದು ನಿಮಿಷ ಮೌನ ಆಚರಿಸಬೇಕೆಂದು ಕೋರಿದೆ. ಕಮಲಾಪುರ ಎದ್ದು ನಿಂತಿತು. ಮೌನ ಮುಗಿಯುವ ಮೊದಲೇ ಹುತಾತ್ಮ ಬ್ರೆಡ್ಡು ತಿನ್ನುತ್ತಾ ಸೈಕಲ್ ಮೇಲೆ ಬಂದ.

"ಇವನು ಅವನ ಅವಳಿ ತಮ್ಮ," ಎಂದೆ. 

ಬಾಳೆ ತೋಟಕ್ಕೆ ಕೂಲಿ ಹೋಗುವ ಕಲ್ಲಮ್ಮ ಮುಂದಿನ ಸಾಲಿನಲ್ಲಿ ನಿಂತೇ ಇದ್ದಳು. "ಸಾಹೇಬ್ರ, ಸತ್ತಾಂವ ಮಾಲಕ. ಇಂವ ಕೂಲಿ ಮಂದಿ ಲೀಡರ್. ಮೊದಲಿಂದ ಅವರ ಕಡೀನೇ ಇದ್ದಾನ. ಹೆದರ್ಕೊಂಡು ಸುಮ್ನ ಕುಂತೀರಿ ಅಂತ ಅವರಿಗಿ ಬೈಯಾಕತ್ತಿದ್ದ."

"ನಿಮಗ ಇಟಲಿ ಭಾಷಾ ಬರ್ತದೇನ್ರಿ?" ಎಂದು ಕೇಳಿದೆ.

"ಇಲ್ರಿ. ಮಾರಿ ನೋಡಿದ್ರ ತಿಳೀತದ. ನೀವು ನಡುನಡುವ ಮಾತಾಡಾಕತ್ತೀರಿ, ಅದಕ್ಕ ಜರಾ ತ್ರಾಸಾತು."

ಮಾವನವರು ಎದ್ದು ಬಂದರು. ನನ್ನ ಕೈಯಿಂದ ಮೈಕು ತೆಗೆದು ಕಲ್ಲಮ್ಮನಿಗೆ ಕೊಟ್ಟರು. ಆಕೆ ಅದನ್ನು ನೆಲದ ಮೇಲಿಟ್ಟು, "ಮೊದಲಿಂದ ಹಚ್ರಿ," ಎಂದು ಆಪರೇಟರನಿಗೆ ಹೇಳಿದಳು. ಎರಡನೇ ಸಲ ಯಾರೂ ಮಾತಾಡಲಿಲ್ಲ. ಸುಧಾಳ ಪಕ್ಕ ನೆಲದ ಮೇಲೆ ಕೂತು ನಾನೂ ನೋಡಿದೆ.

ಆ ನಿರ್ದೇಶಕರು ನಿಜಕ್ಕೂ ದೊಡ್ಡವರು. ನನಗೂ ಅರ್ಥವಾಗುವಂತೆ ಮಾಡಿದ್ದರು.